ಜಾಮೀನುದಾರನಿಗೆ ಮೊದಲ ಸುದ್ದಿ ಹರಾಜಿನ ನೋಟಿಸೇ ಆಗಬೇಕೇ?

ಬ್ಯಾಂಕುಗಳು ಪತ್ರಿಕೆಗಳಲ್ಲಿ ಕೊಡುವ ಹರಾಜು ಪ್ರಕಟಣೆಗಳನ್ನು ಗಮನವಿಟ್ಟು ಓದಿದರೆ, ಸಾಲಗಾರನ ಹೆಸರಿನ ಕೆಳಗೇ ಜಾಮೀನುದಾರರ ಹೆಸರು, ವಿಳಾಸ, ಕೆಲವೊಮ್ಮೆ ಅವರ ಮನೆಯ ಚಕ್ಕುಬಂದಿ ಕೂಡ ಅಚ್ಚಾಗಿರುವುದು ಕಾಣುತ್ತದೆ. ಸಾಲದ ಹಣದಲ್ಲಿ ಒಂದು ರೂಪಾಯಿಯನ್ನೂ ಮುಟ್ಟದವರ ಆಸ್ತಿ ಹೀಗೆ ಹರಾಜಿಗೆ ಬರುವುದೇ ಅನ್ಯಾಯ ಎನ್ನುವವರಿದ್ದಾರೆ. ನಾನು ಅಷ್ಟು ದೂರ ಹೋಗಲಾರೆ. ಜಾಮೀನುದಾರ ಹೊತ್ತ ಹೊಣೆಯನ್ನು ನಂಬಿಯೇ ಬ್ಯಾಂಕು ಹಣ ಕೊಟ್ಟಿರುತ್ತದೆ. ನನ್ನ ತಕರಾರು ಇರುವುದು, ಸಹಿ ಹಾಕಿಸಿಕೊಂಡ ದಿನದಿಂದ ನೋಟಿಸು ಕಳುಹಿಸುವ ದಿನದವರೆಗೆ ಅನೇಕ ಬ್ಯಾಂಕುಗಳು ತಾಳುವ ಮೌನದ ಬಗ್ಗೆ.

ಕಾನೂನು ಈ ವಿಷಯದಲ್ಲಿ ಕಠಿಣವಾಗಿದೆ. 1872ರ ಭಾರತೀಯ ಕರಾರು ಕಾಯ್ದೆಯ 128ನೆಯ ಕಲಮಿನಂತೆ, ಒಪ್ಪಂದದಲ್ಲಿ ಬೇರೆ ರೀತಿ ಬರೆದಿರದಿದ್ದರೆ, ಜಾಮೀನುದಾರನ ಹೊಣೆ ಸಾಲಗಾರನ ಹೊಣೆಯಷ್ಟೇ ದೊಡ್ಡದು. ಮೊದಲು ಸಾಲಗಾರನಿಂದ ವಸೂಲು ಮಾಡಿ, ಸಾಲದಿದ್ದರೆ ಮಾತ್ರ ಜಾಮೀನುದಾರನ ಬಳಿ ಬರಬೇಕೆಂಬ ವಾದವನ್ನು ಸುಪ್ರೀಂ ಕೋರ್ಟ್ 1968ರಲ್ಲಿಯೇ ಬ್ಯಾಂಕ್ ಆಫ್ ಬಿಹಾರ್ ಪ್ರಕರಣದಲ್ಲಿ ತಳ್ಳಿಹಾಕಿತು. ಸಹಿ ಹಾಕಿಸುವಾಗ ಮಾತ್ರ ‘ಇದು ಬರೀ ಫಾರ್ಮಾಲಿಟಿ’ ಎಂಬ ಮಾತು ಇಂದಿಗೂ ಸರಾಗವಾಗಿ ಬರುತ್ತದೆ.

ಇಲ್ಲಿ ಬಹಳಷ್ಟು ಜನ ಗುರುತಿಸದ ವ್ಯತ್ಯಾಸವೊಂದಿದೆ. ತನ್ನ ಮನೆಯನ್ನೋ ನಿವೇಶನವನ್ನೋ ಬ್ಯಾಂಕಿಗೆ ಅಡಮಾನ ಮಾಡಿದ ಜಾಮೀನುದಾರನ ಆ ಆಸ್ತಿಯನ್ನು, ಬ್ಯಾಂಕುಗಳ ಸಾಲ ವಸೂಲಿಗೆಂದೇ ಇರುವ 2002ರ ಸರ್ಫೇಸಿ ಕಾಯ್ದೆಯಡಿ ಬ್ಯಾಂಕು ನ್ಯಾಯಾಲಯದ ತೀರ್ಪಿಲ್ಲದೆಯೇ ಹರಾಜು ಹಾಕಬಹುದು. ಕೇವಲ ಸಹಿ ಹಾಕಿದವನ ಮನೆಯನ್ನು ಆ ಕಾಯ್ದೆಯಡಿ ಮಾರಲು ಬರುವುದಿಲ್ಲ. ಬ್ಯಾಂಕು ಋಣ ವಸೂಲಾತಿ ನ್ಯಾಯಮಂಡಳಿಗೋ ಸಿವಿಲ್ ನ್ಯಾಯಾಲಯಕ್ಕೋ ಹೋಗಿ ಆದೇಶ ಪಡೆದು, ಆಮೇಲೆ ಜಪ್ತಿ ಮಾಡಿಸಬೇಕು. ಕೃಷಿ ಜಮೀನೂ ಸರ್ಫೇಸಿ ವ್ಯಾಪ್ತಿಯಿಂದ ಹೊರಗಿದೆ. ವಸೂಲಿಗೆ ಬಂದವರು ಈ ವ್ಯತ್ಯಾಸವನ್ನು ತಾವಾಗಿ ವಿವರಿಸುತ್ತಾರೆಂದು ನಿರೀಕ್ಷಿಸುವುದು ವ್ಯರ್ಥ.

ಮೌನದ ಬೆಲೆ ಎಷ್ಟೆಂಬುದು ಕಾಯ್ದೆಯ ಗಡುವುಗಳನ್ನು ನೋಡಿದರೆ ತಿಳಿಯುತ್ತದೆ. ಕಂತು 90 ದಿನಗಳಿಗಿಂತ ಹೆಚ್ಚು ಕಾಲ ಬಾಕಿ ಉಳಿದರೆ ಸಾಲವು ಅನುತ್ಪಾದಕ, ಅಂದರೆ ಮರುಪಾವತಿ ನಿಂತ ಸಾಲ (ಎನ್‌ಪಿಎ), ಎನಿಸುತ್ತದೆ. ಆ ಬಳಿಕ 60 ದಿನಗಳ ನೋಟಿಸು, ಅದರ ನಂತರ ಆಸ್ತಿಯ ಸ್ವಾಧೀನ. ನೋಟಿಸಿಗೆ ಲಿಖಿತ ಆಕ್ಷೇಪಣೆ ಸಲ್ಲಿಸಿದರೆ ಬ್ಯಾಂಕು 15 ದಿನಗಳೊಳಗೆ ಕಾರಣಸಹಿತ ಉತ್ತರ ಕೊಡಬೇಕು. ಸ್ವಾಧೀನದ ಕ್ರಮವನ್ನು ಪ್ರಶ್ನಿಸಿ ನ್ಯಾಯಮಂಡಳಿಗೆ ಹೋಗಲು 45 ದಿನಗಳಿವೆ. ಆದರೆ 2016ರ ತಿದ್ದುಪಡಿಯ ನಂತರ, ಪೂರ್ತಿ ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕು ಹರಾಜಿನ ಪ್ರಕಟಣೆ ಹೊರಬೀಳುವವರೆಗೆ ಮಾತ್ರ. ಮೊದಲ ಕಂತು ತಪ್ಪಿದಾಗಲೇ ತಿಳಿದಿದ್ದರೆ ಸಾಲಗಾರನನ್ನು ಹಿಡಿದು ಕೂರಿಸಿ ಲೆಕ್ಕ ಕೇಳಬಹುದಾಗಿದ್ದ ಜಾಮೀನುದಾರ, ಅಸಲಿಗೆ ಬಡ್ಡಿ, ಬಡ್ಡಿಗೆ ದಂಡ, ಅದರ ಮೇಲೆ ವಕೀಲರ ಖರ್ಚು ಸೇರಿದ ಮೊತ್ತವನ್ನು ಒಮ್ಮೆಗೇ ಎದುರಿಸಬೇಕಾಗುತ್ತದೆ.

ಹಣ ಕಟ್ಟಿದ ಜಾಮೀನುದಾರ ಅದನ್ನು ಸಾಲಗಾರನಿಂದ ವಸೂಲು ಮಾಡಬಹುದೆಂದು ಕರಾರು ಕಾಯ್ದೆಯ 145ನೆಯ ಕಲಮು ಹೇಳುತ್ತದೆ. ಬ್ಯಾಂಕಿಗೇ ಸಿಗದವನು ಇವನಿಗೆ ಸಿಗುವುದು ಹೇಗೆಂಬುದನ್ನು ಹೇಳುವುದಿಲ್ಲ.

ಜಾಮೀನುದಾರನ ಮೊಬೈಲ್ ಸಂಖ್ಯೆ ಬ್ಯಾಂಕಿನ ಕಡತದಲ್ಲಿಯೇ ಇರುತ್ತದೆ. ಕಂತು ತಪ್ಪಿದಾಗ ಸಾಲಗಾರನಿಗೆ ತಾನಾಗಿ ಹೋಗುವ ಸಂದೇಶವನ್ನು ಅದೇ ದಿನ ಜಾಮೀನುದಾರನಿಗೂ, ಅವನು ಓದಬಲ್ಲ ಭಾಷೆಯಲ್ಲಿ, ಕಳುಹಿಸುವುದನ್ನು ರಿಸರ್ವ್ ಬ್ಯಾಂಕು ಕಡ್ಡಾಯ ಮಾಡಬೇಕು. ಸಾಲಗಾರನ ಖಾಸಗಿತನ ಇದಕ್ಕೆ ಅಡ್ಡಿಯೆಂಬ ವಾದ ನನಗೆ ಒಪ್ಪಿಗೆಯಿಲ್ಲ. ಯಾರ ಮನೆ ಪಣಕ್ಕಿದೆಯೋ ಅವರಿಗೆ ಬಾಕಿಯ ಲೆಕ್ಕ ತಿಳಿಯಲೇಬೇಕು. ಈಗಾಗಲೇ ಸಹಿ ಹಾಕಿರುವವರು ಅಲ್ಲಿಯವರೆಗೆ ಕಾಯದೆ, ಸಾಲದ ಖಾತೆಯ ಸ್ಥಿತಿಯನ್ನು ತಿಳಿಸುವಂತೆ ಶಾಖೆಗೆ ಲಿಖಿತವಾಗಿ ಅರ್ಜಿ ಕೊಟ್ಟು, ಸ್ವೀಕೃತಿಯ ಮೊಹರು ಹಾಕಿಸಿಕೊಂಡು ಬರಲಿ.