ಜೀನೋಮ್ ಓದಿದ್ದಾಯ್ತು, ಬೀಜ ಎಲ್ಲಿ ಸ್ವಾಮಿ?

ಫೆಬ್ರವರಿ 10 ಈ ಸಲಾನೂ ಬಂದು ಹೋಯ್ತು. ವಿಶ್ವ ಬೇಳೆಕಾಳು ದಿನ. 2016ನ್ನ ಇಡೀ ವರ್ಷ ಕಾಳುಗಳ ಹೆಸರಿಗೆ ಬರೆದುಕೊಟ್ಟ ವಿಶ್ವಸಂಸ್ಥೆಗೆ ಅಷ್ಟು ಸಾಲದು ಅನ್ನಿಸಿ 2019ರಿಂದ ವರ್ಷಕ್ಕೊಂದು ದಿನಾನೂ ಮಂಜೂರು ಮಾಡಿದೆ, ಅಂದ್ಮೇಲೆ ಕಾಳಿನ ಉದ್ಧಾರ ಆಗದೇ ಎಲ್ಲಿಗೆ ಹೋಗುತ್ತೆ. ಭಾಷಣ ನಿಮಗೂ ಬಾಯಿಪಾಠ ಆಗಿರ್ಬೇಕು. ಬಡವರ ಪ್ರೋಟೀನು, ಗಾಳಿಯಿಂದ ನೈಟ್ರೋಜನ್ ಹಿಡಿಯೋ ಪುಣ್ಯಾತ್ಮ ಬೆಳೆ, ನೀರು ಕೇಳಲ್ಲ, ಗೊಬ್ಬರ ಕೇಳಲ್ಲ, ಹವಾಮಾನ ಬದಲಾವಣೆಗೆ ಇದೇ ಉತ್ತರ. ಚಪ್ಪಾಳೆ. ಆಮೇಲೆ ಜೀನೋಮ್ ಸ್ಲೈಡು, ಅಂದ್ರೆ ಗಿಡದ ಇಡೀ ಡಿಎನ್ಎ ಓದಿಟ್ಟ ಲೆಕ್ಕ.

ಈ ಜೀನೋಮ್ ಸ್ಲೈಡಿನ ಬಗ್ಗೆ ನನಗೆ ವಿಶೇಷ ಗೌರವ. ತೊಗರಿಯದ್ದು 2011ರಲ್ಲೇ ಬಿಡಿಸಿಟ್ಟರು, ಅದರಲ್ಲಿ 48,680 ಜೀನುಗಳು ಅಂತ ಲೆಕ್ಕಾನೂ ಕೊಟ್ಟರು. 2013ರಲ್ಲಿ ಕಡ್ಲೆ, 28,269 ಜೀನು. ಒಂದು ಕಡ್ಲೆ ಸಾಲದು ಅಂತ 2021ರಲ್ಲಿ 3,366 ಕಡ್ಲೆಗಳ ಜೀನೋಮ್ ಓದಿದ್ರು, ಅದರಲ್ಲಿ 195 ಕಾಡು ಸಂಬಂಧಿಕರು. ಕೆಲಸ ನಿಜಕ್ಕೂ ದೊಡ್ಡದು, ಅದರಲ್ಲಿ ಎರಡು ಮಾತಿಲ್ಲ. ಆದ್ರೆ ಪ್ರತಿ ಸಲ ಪೇಪರಿನಲ್ಲಿ ಬರೋ ಹೆಡ್‌ಲೈನು ಮಾತ್ರ "ಇನ್ನು ಕಾಳಿನ ಕೊರತೆ ಇಲ್ಲ" ಅಂತ. ಜಾತಕ ಬರೆಸಿದ್ದೇ ಬರೆಸಿದ್ದು, ಮದುವೆ ಮಾತ್ರ ಇವತ್ತಿಗೂ ಆಗಿಲ್ಲ.

ಆ "ನೀರು ಕೇಳಲ್ಲ, ಗೊಬ್ಬರ ಕೇಳಲ್ಲ" ಅನ್ನೋ ಹೊಗಳಿಕೆ ಇದೆಯಲ್ಲ, ಕಾಳು ಹಾಳಾಗಿದ್ದೇ ಅದರಿಂದ. ಕೇಳಲ್ಲ ಅಂದ್ರೆ ಕೊಡೋದು ಬೇಡ ಅಂತ ಅರ್ಥ ಮಾಡ್ಕೊಂಡ್ವಿ. ಒಳ್ಳೆ ನೆಲ, ನೀರು ಎರಡೂ ಗೋಧಿಗೆ, ಭತ್ತಕ್ಕೆ, ಮೆಕ್ಕೆಜೋಳಕ್ಕೆ. ಮಿಕ್ಕ ಕಲ್ಲು ಭೂಮಿ, ಮಿಕ್ಕ ತೇವ ಕಾಳಿಗೆ. ಆಮೇಲೆ ಅಂಕಿಅಂಶ ತೆಗೆದು, ನೋಡಿ ಗೋಧಿ ಜಗತ್ತಿನ ಸರಾಸರಿಯಲ್ಲಿ ಹೆಕ್ಟೇರಿಗೆ ಮೂರೂವರೆ ಟನ್ ಕೊಡುತ್ತೆ, ಕಡ್ಲೆ ಒಂದೇ ಟನ್ನು, ಈ ಗಿಡದ ಜೀನಲ್ಲೇ ದೋಷ ಅಂತ ಷರಾ ಬರೆಯೋದು. ಗೋಧಿ ತುಂಬೋದು ಮುಖ್ಯವಾಗಿ ಪಿಷ್ಟ. ಕಾಳು ಪ್ರೋಟೀನ್ ತುಂಬಬೇಕು, ಒಂದು ಗ್ರಾಂ ಪ್ರೋಟೀನ್ ಕಟ್ಟೋಕೆ ಗಿಡಕ್ಕೆ ಒಂದು ಗ್ರಾಂ ಪಿಷ್ಟಕ್ಕಿಂತ ಜಾಸ್ತಿ ಸಕ್ಕರೆ ಖರ್ಚಾಗುತ್ತೆ, ಮೇಲಿಂದ ಬೇರಿನ ಗಂಟುಗಳೊಳಗೆ ಕೂತು ನೈಟ್ರೋಜನ್ ಹಿಡಿದುಕೊಡೋ ಬ್ಯಾಕ್ಟೀರಿಯಾಗಳಿಗೂ ಅದೇ ಸಕ್ಕರೆಯಲ್ಲಿ ಪಾಲು ಕೊಡಬೇಕು. ಎರಡನ್ನೂ ಒಂದೇ ತಕ್ಕಡೀಲಿ ಕ್ವಿಂಟಾಲ್ ಲೆಕ್ಕದಲ್ಲಿ ತೂಗಿ ಫೇಲ್ ಅಂತ ಸೀಲು ಹೊಡೆಯೋರು ನಾವು.

ತಮಾಷೆ ಅಂದ್ರೆ ಜೆನೆಟಿಕ್ಸ್ ಅನ್ನೋ ಶಾಸ್ತ್ರ ಹುಟ್ಟಿದ್ದೇ ಬಟಾಣಿ ಗಿಡದಿಂದ. ಬ್ರನೋ ಊರಿನ ಮಠದಲ್ಲಿ ಮೆಂಡೆಲ್ ಅನ್ನೋ ಸನ್ಯಾಸಿ, ಮೇಷ್ಟ್ರ ಪರೀಕ್ಷೆ ಕೊನೆಗೂ ಪಾಸಾಗದ ಮನುಷ್ಯ, 1856ರಿಂದ 1863ರವರೆಗೆ ಬೇರೆ ಬೇರೆ ಗುಣದ ಗಿಡಗಳನ್ನ ಅಡ್ಡತಳಿ ಮಾಡಿ ಸುಮಾರು 28,000 ಬಟಾಣಿ ಗಿಡ ಬೆಳೆಸಿ ಎಣಿಸ್ತಾ ಕೂತ. ಗುಂಡು ಬೀಜ 5,474, ಸುಕ್ಕು ಬೀಜ 1,850, ಮೂರಕ್ಕೊಂದು, ಗುಣ ಮೊಮ್ಮಕ್ಕಳಿಗೆ ಹಂಚಿಕೆ ಆಗೋ ಲೆಕ್ಕ ಅದು. 1866ರಲ್ಲಿ ಅಚ್ಚಾಯ್ತು, 1900ರವರೆಗೆ ಹೆಚ್ಚುಕಡಿಮೆ ಯಾರೂ ತಿರುಗಿ ನೋಡಲಿಲ್ಲ. ಪಾಪ ಮ್ಯೂನಿಕ್‌ನಲ್ಲಿದ್ದ ನೇಗೆಲಿ ಅನ್ನೋ ದೊಡ್ಡ ಸಸ್ಯಶಾಸ್ತ್ರಜ್ಞರಿಗೆ ಪತ್ರ ಬರೆದ, ಅವರು ಬಟಾಣಿ ಸಾಲದು, ಹಾಕ್‌ವೀಡ್ ಅನ್ನೋ ಹೂಗಿಡದ ಮೇಲೂ ಮಾಡಿ ನೋಡಪ್ಪ ಅಂದ್ರು. ಆ ಗಿಡವೋ, ಸಾಮಾನ್ಯವಾಗಿ ಗಂಡಿನ ಪರಾಗ ಇಲ್ಲದೇನೇ ಬೀಜ ಕಟ್ಟುತ್ತೆ, ಮರಿ ಎಲ್ಲಾ ತಾಯಿಯ ಝೆರಾಕ್ಸು. ಮೂರಕ್ಕೊಂದು ಎಲ್ಲಿಂದ ಬರ್ಬೇಕು! ದೊಡ್ಡವರ ಮಾರ್ಗದರ್ಶನ ಅಂದ್ರೆ ಆಗಲೂ ಹೀಗೇ ಇತ್ತು ಅನ್ನೋದೊಂದು ಸಮಾಧಾನ. 1868ರಲ್ಲಿ ಮೆಂಡೆಲ್‌ನ್ನ ಮಠದ ಯಜಮಾನ ಮಾಡಿದ್ರು, 1874ರಿಂದ ಸಾಯೋವರೆಗೂ ಸರ್ಕಾರದ ಜೊತೆ ತೆರಿಗೆ ಜಗಳದಲ್ಲೇ ಆಯುಷ್ಯ ಕಳೆದ. ಒಳ್ಳೆ ವಿಜ್ಞಾನಿಯನ್ನ ಫೈಲು ನೋಡೋಕೆ ಕೂರಿಸೋ ಪದ್ಧತಿ ನಾವು ಕಂಡುಹಿಡಿದಿದ್ದೇನಲ್ಲ.

ಆ ಸುಕ್ಕು ಬೀಜ ಯಾಕೆ ಸುಕ್ಕು ಅಂತ ಜೀನ್ ಮಟ್ಟದಲ್ಲಿ ಗೊತ್ತಾಗಿದ್ದು 1990ರಲ್ಲಿ. ಪಿಷ್ಟಕ್ಕೆ ಕವಲು ಹಾಕೋ ಒಂದು ಕಿಣ್ವದ ಜೀನಿನೊಳಗೆ ಪರಕೀಯ ಡಿಎನ್ಎ ತುಂಡೊಂದು ನುಗ್ಗಿ ಕೂತಿತ್ತು. ಮೆಂಡೆಲ್ ನೋಡಿದ ಏಳು ಗುಣಗಳಲ್ಲಿ ಕೊನೇ ಮೂರರ ಜೀನ್ ಪತ್ತೆ ಆಗಿದ್ದು 2025ರಲ್ಲಿ. ಪ್ರತಿ ಪಠ್ಯಪುಸ್ತಕದಲ್ಲೂ ಚಿತ್ರ ಇರೋ ಗಿಡದ ಕಾಯಿ ಯಾಕೆ ಹಳದಿ ಅಂತ ಹೇಳೋಕೆ ಹತ್ತಿರ ಹತ್ತಿರ 160 ವರ್ಷ! ಜೀನೋಮ್ ದೊಡ್ಡದು, ಕಗ್ಗಂಟು, ಸರಿ, ಒಪ್ಪಿದೆ. ಇದೇ ಗಿಡದಿಂದ ಪೆಟ್ರೋಲ್ ಬರ್ತಿದ್ರೆ ಇಷ್ಟು ವರ್ಷ ಆಗ್ತಿತ್ತಾ?

ಇನ್ನು ತಳಿ ಮಾಡೋರ ಕಥೆ. ಕಡ್ಲೆ ಹೂವು ಅರಳೋಕೆ ಮುಂಚೇನೇ ಒಳಗೊಳಗೇ ಪರಾಗಸ್ಪರ್ಶ ಮುಗಿಸಿರುತ್ತೆ. ಹಾಗಾಗಿ ಇನ್ನೂ ಮೊಗ್ಗಿರುವಾಗ್ಲೇ, ಒಂದು ಸೆಂಟಿಮೀಟರ್ ಕೂಡ ಇಲ್ಲದ ಮೊಗ್ಗು, ಚಿಮಟದ ತುದಿಯಲ್ಲಿ ಎಸಳು ಸರಿಸಿ ಒಳಗಿರೋ ಹತ್ತೂ ಕೇಸರ ಕಿತ್ತು ಹಾಕಬೇಕು, ನಡುವಿನ ಶಲಾಕೆಗೆ ಚಿಮಟ ತಾಗಿದ್ರೆ ಆ ಮೊಗ್ಗು ಕೈಬಿಟ್ಟ ಹಾಗೆ. ಆಮೇಲೆ ಇನ್ನೊಂದು ತಳಿಯ ಪರಾಗ ತಂದು ಒರೆಸಿ, ನೂಲು ಕಟ್ಟಿ ಗುರುತು ಹಾಕಬೇಕು. ಬಿಸಿಲಲ್ಲಿ ಬಗ್ಗಿ ಅಷ್ಟೆಲ್ಲಾ ಮಾಡಿದ್ರೂ ಎಷ್ಟೋ ಮೊಗ್ಗು ಉದುರಿ ಹೋಗುತ್ತೆ, ನಿಂತ ಕಾಯೊಳಗೆ ಒಂದೋ ಎರಡೋ ಕಾಳು. ಆ ಕಾಳನ್ನ ಬಿತ್ತಿ, ಮತ್ತೆ ಬಿತ್ತಿ, ಆರೇಳು ತಲೆಮಾರು ಆರಿಸಿ, ಊರೂರಲ್ಲಿ ಪರೀಕ್ಷೆ ಮಾಡಿ ಒಂದು ತಳಿ ಹೊರಗೆ ಬರೋ ಹೊತ್ತಿಗೆ ಹತ್ತು ವರ್ಷ ಆಗೋದು ಮಾಮೂಲು. ಈಗ 22 ಗಂಟೆ ಲೈಟು ಉರಿಸಿ ವರ್ಷಕ್ಕೆ ಆರು ತಲೆಮಾರು ಕಡ್ಲೆ ತೆಗೀಬಹುದು ಅಂತಾನೂ 2018ರಲ್ಲಿ ತೋರಿಸಿದ್ದಾರೆ. ಭೇಷ್.

ಹೈಬ್ರಿಡ್ ತೊಗರಿ ಇನ್ನೊಂದು ಪುರಾಣ. ಹೈದರಾಬಾದ್ ಹತ್ತಿರದ ಅಂತರರಾಷ್ಟ್ರೀಯ ಬೆಳೆ ಸಂಶೋಧನಾ ಸಂಸ್ಥೆ ಇಕ್ರಿಸ್ಯಾಟ್‌ನವರ ಮೊದಲ ಹೈಬ್ರಿಡ್ 1991ರಲ್ಲಿ ಬಂತು. ಹೈಬ್ರಿಡ್ ಬೀಜಕ್ಕೆ ಹೆಣ್ಣು ಸಾಲಿನ ಗಿಡದಲ್ಲಿ ಸ್ವಂತ ಪರಾಗ ಇರಬಾರದು, ಇನ್ನೊಂದು ತಳಿಯ ಪರಾಗಾನೇ ಬೀಳ್ಬೇಕು. ಆದ್ರೆ ಇದರ ಹೆಣ್ಣು ಸಾಲಲ್ಲಿ ಅರ್ಧಕ್ಕರ್ಧ ಗಿಡ ಪರಾಗ ಬಿಡೋವೇ ಹುಟ್ಟುತ್ವೆ, ಹೂವು ಬಿಡೋ ಟೈಮಲ್ಲಿ ಒಂದೊಂದೇ ಗಿಡದ ಮೊಗ್ಗು ಬಿಚ್ಚಿ ಕೇಸರ ಹಳದಿಯೋ ಬಿಳಚಿದೆಯೋ ನೋಡಿ, ಹಳದಿ ಇದ್ದಿದ್ದನ್ನ ಬುಡಸಮೇತ ಕೀಳ್ಬೇಕು. ಅರ್ಧ ಹೊಲ ಕಿತ್ತು ಬಿಸಾಕೋ ಕೃಷಿಯನ್ನ ಯಾವ ಬೀಜದ ಕಂಪನಿ ಮಾಡುತ್ತೆ? ಆಮೇಲೆ ಕಾಡು ತೊಗರಿಯಿಂದ ಗಂಡು ಬಂಜೆತನ, ಅಂದ್ರೆ ಪರಾಗ ಬಿಡದ ಗುಣ, ತಂದು ಆ ತಾಪತ್ರಯ ತಪ್ಪಿಸಿದ ಹೈಬ್ರಿಡ್ 2010ರಲ್ಲಿ ಬಿಡುಗಡೆ ಆಯ್ತು, ಬುದ್ಧಿವಂತ ಕೆಲಸ. ಆದ್ರೂ ಮೆಕ್ಕೆಜೋಳದ ಹೈಬ್ರಿಡ್ ಥರ ಹರಡಲಿಲ್ಲ.

ಈಗ ತಮಾಷೆ ಸಾಕು. ಒಂದು ಕಿಲೋ ಸಜ್ಜೆ ಬಿತ್ತಿದ್ರೆ ಇನ್ನೂರು ಕಿಲೋ ಬೀಜ ಸಿಗುತ್ತೆ. ಒಂದು ಕಿಲೋ ಕಡ್ಲೆಗೆ ಹತ್ತೋ ಹದಿನೈದೋ. ಶೇಂಗಾಕ್ಕೆ ಹತ್ತು ಮುಟ್ಟೋದೂ ಕಷ್ಟ. ಅಂದ್ರೆ ಹೊಸ ತಳಿಯ ನಾಲ್ಕು ಮೂಟೆ ಬೀಜ ಒಂದು ಜಿಲ್ಲೆಗೆ ಸಾಲೋಷ್ಟು ಆಗ್ಬೇಕಾದ್ರೆ ವರ್ಷಗಟ್ಟಲೆ ಯಾರೋ ಒಬ್ಬರು ಹಟ ಹಿಡಿದು ಬೆಳೆಸ್ತಾನೇ ಇರ್ಬೇಕು, ಒಣಗಿಸ್ಬೇಕು, ಹುಳ ಬೀಳದ ಹಾಗೆ ಇಡ್ಬೇಕು. ಖಾಸಗಿಯವರು ಮಾಡಲ್ಲ, ಯಾಕಂದ್ರೆ ಕಡ್ಲೆ ತನಗೆ ತಾನೇ ಪರಾಗ ಹಾಕ್ಕೊಳ್ಳೋ ಬೆಳೆ, ರೈತ ಒಂದು ಸಲ ಕೊಂಡ್ರೆ ಮುಂದಿನ ವರ್ಷ ತನ್ನದೇ ಕಾಳು ಬಿತ್ಕೋತಾನೆ. ಸರ್ಕಾರಗಳು ಮಾಡ್ಬೇಕು, ಮಾಡಲ್ಲ, ಯಾಕಂದ್ರೆ ಗೋದಾಮು, ಟ್ರಾಕ್ಟರು, ತಾಡಪಾಲು ಇವಕ್ಕೆಲ್ಲ ಯಾವ ಜರ್ನಲ್ಲಿನಲ್ಲೂ ಮುಖಪುಟ ಸಿಗಲ್ಲ, ರಿಬ್ಬನ್ ಕಟ್ ಮಾಡೋಕೂ ಏನಿರಲ್ಲ. ಗಿಡ ಒಣಗಿಸೋ ನೆಟೆ ರೋಗ ತಡೆಯೋ ತಳಿ ಇದೆ, ತೊಗರಿ ಹೂ ಬಿಡದ ಹಾಗೆ ಮಾಡೋ ಗೊಡ್ಡು ರೋಗ ತಡೆಯೋದೂ ಇದೆ, ವರ್ಷಗಟ್ಟಲೆ ಒಬ್ಬರು ಬೆನ್ನು ಬಗ್ಗಿಸಿ ಮಾಡಿದ್ದು, ಕ್ಯಾಟಲಾಗಲ್ಲಿ ಫೋಟೋ ಸಮೇತ ಇದೆ. ಪಕ್ಕದ ಹೊಲದಲ್ಲಿ ಮಾತ್ರ ಎಂದಿನದೋ ಹಳೇ ತಳಿ ನಿಂತಲ್ಲೇ ಒಣಗ್ತಾ ಇದೆ. ಇದಕ್ಕೆ ನಗೋದು ಹೇಗೆ ಅಂತ ನನಗೆ ತಿಳೀತಿಲ್ಲ.

ಈಗ ಜೀನ್ ಎಡಿಟಿಂಗ್ ಬರುತ್ತಂತೆ. ಬರಲಿ. ಕಡ್ಲೆ, ತೊಗರಿ ಎರಡೂ ಟಿಶ್ಯೂ ಕಲ್ಚರ್‌ನಲ್ಲಿ ಮಹಾ ಮೊಂಡು, ಎಡಿಟ್ ಆದ ಜೀವಕೋಶದಿಂದ ಇಡೀ ಗಿಡ ಎಬ್ಬಿಸೋದೇ ದೊಡ್ಡ ಪಾಡು. ಅದೂ ಆಗುತ್ತೆ ಒಂದಿನ, ಮಾಡೋರು ಗಟ್ಟಿಗರು, ನನಗೆ ಅನುಮಾನ ಇಲ್ಲ. ಆದ್ರೆ ಆ ಅದ್ಭುತ ಕಡ್ಲೆ ಕೂಡ ಕಿಲೋಗೆ ಹತ್ತು ಕಿಲೋ ಲೆಕ್ಕದಲ್ಲೇ ಹೆಚ್ಚಬೇಕು, ಅದಕ್ಕೆ ಹೊಲ ಯಾರದ್ದು, ಗೋದಾಮು ಯಾರದ್ದು ಅಂತ ಮುಂದಿನ ಸೆಮಿನಾರಲ್ಲಿ ಯಾರಾದ್ರೂ ಕೈ ಎತ್ತಿ ಕೇಳಿ ನೋಡಿ. ಸಮಯದ ಅಭಾವದಿಂದ ಪ್ರಶ್ನೋತ್ತರ ಇರಲ್ಲ ಅಂತಾರೆ.