ಮಲಯಾಳಂ ಸಿನಿಮಾ ನಿಜವಾಗ್ಲೂ ಕೇರಳವನ್ನ ತೋರಿಸುತ್ತಾ? ಪರ-ವಿರೋಧ

ಪರ: ಊರು ಗೊತ್ತಿರೋರು ಮಾಡೋ ಸಿನಿಮಾ

ಪರವಾಗಿ ಬರೀರಿ ಅಂದ್ರು, ಪೂರ್ತಿ ಅಲ್ಲದಿದ್ರೂ ಮುಕ್ಕಾಲು ಪಾಲು ಒಪ್ತೀನಿ. ಮಲಯಾಳಂನವರಿಗೆ ಊರು ಗೊತ್ತು. 2016ರ 'ಮಹೇಶಿಂಡೆ ಪ್ರತಿಕಾರಂ' ನೋಡಿ, ಇಡುಕ್ಕಿಯ ಸಣ್ಣ ಪೇಟೆ, ಅಲ್ಲೊಂದು ಫೋಟೋ ಸ್ಟುಡಿಯೋ, ಅಷ್ಟರಲ್ಲೇ ಕಥೆ. ಮಲಪ್ಪುರಂ ಅಂದ್ರೆ ತಂಡಕ್ಕೆ ಏಳೇ ಜನ ಆಡೋ ಸೆವೆನ್ಸ್ ಫುಟ್ಬಾಲ್, ಅದಕ್ಕೆ 2018ರ 'ಸುಡಾನಿ ಫ್ರಮ್ ನೈಜೀರಿಯಾ' ಇದೆ. ಗಲ್ಫಲ್ಲಿ ದುಡಿದು ಸವೆದವರಿಗೆ 2015ರ 'ಪತ್ತೇಮಾರಿ' ಇದೆ. ಇದೇನು ಹೊಸ ಚಾಳಿ ಅಲ್ಲ, 1954ರಲ್ಲೇ 'ನೀಲಕ್ಕುಯಿಲ್' ಅಸ್ಪೃಶ್ಯತೆ ಬಗ್ಗೆ ಮಾತಾಡಿತ್ತು.

ಇನ್ನು 2021ರ 'ದಿ ಗ್ರೇಟ್ ಇಂಡಿಯನ್ ಕಿಚನ್'. ಸಿಂಕ್ ಪೈಪು ಸೋರ್ತಿರುತ್ತೆ, ಪ್ಲಂಬರ್‌ನ ಕರೀರಿ ಅಂತ ಹೆಂಡ್ತಿ ಹೇಳ್ತಾನೇ ಇರ್ತಾಳೆ, ಗಂಡನಿಗೆ ನೆನಪೇ ಆಗಲ್ಲ. ಗಂಡಸರು ಅಗಿದು ಟೇಬಲ್ ಮೇಲೇ ಬಿಟ್ಟ ನುಗ್ಗೆಕಾಯಿ ಸಿಪ್ಪೆ ಬಾಚೋದೂ ಅವಳೇ. ತನ್ನ ಸಮಾಜನ ಇಷ್ಟು ಹತ್ತಿರದಿಂದ ನೋಡೋ ಧೈರ್ಯ ಬೇರೆ ಎಷ್ಟು ಚಿತ್ರರಂಗಕ್ಕಿದೆ ಹೇಳಿ.

ವಿರೋಧ: ನಮ್ಮ ಶೇಣಿ ಎಲ್ಲಿ?

ನಾನು ಕಾಸರಗೋಡಿನವನು, ಮನೇಲಿ ಕನ್ನಡ, ಪೇಟೇಲಿ ತುಳು, ಆಫೀಸಲ್ಲಿ ಮಲಯಾಳಂ. ಬೆಂಗಳೂರಿನ ಗೆಳೆಯರು ಮಲಯಾಳಂ ಸಿನಿಮಾ ಅಂದ್ರೆ ಸಾಕು, ಎಷ್ಟು ರಿಯಲ್ ಮಾರಾಯ ಅಂತ ಶುರು ಮಾಡ್ತಾರೆ. ಯಾರ ರಿಯಲ್? 2017ರ 'ತೊಂಡಿಮುದಲುಂ ದೃಕ್ಸಾಕ್ಷಿಯುಂ' ನಮ್ಮ ಕಡೆ ನಡೆಯೋ ಕಥೆ, ಶೇಣಿ ಪೊಲೀಸ್ ಸ್ಟೇಷನ್ನು. ಶೇಣಿ ಅಂದ್ರೆ ನಮಗೆ ಯಕ್ಷಗಾನದ ಶೇಣಿ ಗೋಪಾಲಕೃಷ್ಣ ಭಟ್ಟರ ಊರು. ಅತ್ತೆ ಮನೇಲಿ ಎಲ್ಲ ಸೇರಿ ಖುಷಿಯಿಂದ ಟಿವಿ ಮುಂದೆ ಕೂತ್ವಿ, ಅತ್ತೆ ಬೀಡಿ ಕಟ್ಟೋ ತಟ್ಟೆ, ಅಂದ್ರೆ ಸೂಪು, ಮಡಿಲಲ್ಲಿಟ್ಕೊಂಡು ಎಲೆ ಸುತ್ತುತ್ತಾ ನೋಡ್ತಿದ್ರು, ಅರ್ಧ ಸಿನಿಮಾ ಆದ್ಮೇಲೆ ಕೈ ನಿಲ್ಲಿಸಿ "ಇದ್ರಲ್ಲಿ ನಮ್ಮವರು ಯಾರು ಮಾರಾಯ?" ಅಂದ್ರು. ಕಥೆ ನಡೆಸೋರು ತೆಂಕಲಿಂದ ಬಂದ ಗಂಡ ಹೆಂಡ್ತಿ, ಒಬ್ಬ ಕಳ್ಳ, ಪೊಲೀಸರು. ನಮ್ಮೂರು ನೀರಿಲ್ಲದ ಒಣ ನೆಲ, ಅಷ್ಟೇ. ಸಿನಿಮಾ ಚೆನ್ನಾಗಿದೆ, ಅದಕ್ಕೇ ಇನ್ನೂ ಜಾಸ್ತಿ ಬೇಜಾರು.

ಗಡಿಯವರ ಮಾತು ಬಿಡಿ, ಕೇರಳದ ಒಳಗೇ ನೋಡಿ. ಮೊದಲ ಮಲಯಾಳಂ ಚಿತ್ರ 'ವಿಗತಕುಮಾರನ್'ನಲ್ಲಿ ದಲಿತ ಹೆಣ್ಣುಮಗಳು ಪಿ.ಕೆ. ರೋಸಿ ನಾಯರ್ ಹೆಂಗಸಿನ ಪಾತ್ರ ಮಾಡಿದ್ಲು ಅಂತ ಮೇಲ್ಜಾತಿಯವರು ಗಲಾಟೆ ಎಬ್ಬಿಸಿ ಅವಳನ್ನ ಊರು ಬಿಡಿಸಿದ್ರು. 1970ರಲ್ಲೇ ಭೂಸುಧಾರಣೆ ಕಾನೂನು ಜಾರಿಯಾದ ನಾಡು ಅದು, ಆದ್ರೆ 1993ರ 'ದೇವಾಸುರಂ', 1997ರ 'ಆರಾಂ ತಂಬುರಾನ್' ಬಂದಾಗ ಅದೇ ತರವಾಡು, ಅಂದ್ರೆ ಹಳೇ ಜಮೀನ್ದಾರಿ ಮನೆತನ, ಅದೇ ಮೀಸೆ ತಿರುವೋ ಯಜಮಾನನಿಗೆ ಶಿಳ್ಳೆ ಬಿತ್ತು. ತಮಗೆ ಹೇಗಿರಬೇಕು ಅಂತ ಆಸೆಯೋ ಹಾಗೆ ತೋರಿಸ್ಕೊಂಡ್ರು, ಇದ್ದ ಹಾಗಲ್ಲ.

ಪರವಾಗಿ ಬರೆದವರು ಅಡುಗೆಮನೆ ಸಿನಿಮಾನ ತುಂಬಾ ಹೊಗಳಿದಾರೆ. ಪೈಪ್ ಸೋರೋದನ್ನ ತೋರಿಸಿದ್ರೆ ಒಂದು ರಾಜ್ಯ ತೋರಿಸಿದ ಹಾಗಾಯ್ತಾ? ಇದೇ ಚಿತ್ರರಂಗದಲ್ಲಿ ಹೆಂಗಸರು ಎದುರಿಸೋ ಕಿರುಕುಳದ ಬಗ್ಗೆ ಕೇರಳ ಸರ್ಕಾರವೇ ನೇಮಿಸಿದ್ದ ಹೇಮಾ ಸಮಿತಿ 2019ರ ಡಿಸೆಂಬರಲ್ಲೇ ಸರ್ಕಾರಕ್ಕೆ ವರದಿ ಕೊಟ್ಟಿತ್ತು, ಜನ ಅದನ್ನ ಓದೋಕೆ 2024ರ ಆಗಸ್ಟ್ ಬರಬೇಕಾಯ್ತು, ಅದೂ ಪುಟಗಳನ್ನ ತೆಗೆದು. ಪರದೆ ಮೇಲಿನ ಹೆಣ್ಣಿನ ಕಷ್ಟಕ್ಕೆ ಚಪ್ಪಾಳೆ ಹೊಡೆಯೋರು ಆ ಉಳಿದ ಪುಟಗಳನ್ನೂ ಕೇಳ್ಬೇಕು.