ಆ ಕೋಣೆಯಲ್ಲಿ ಯಾರಿದ್ದರು, ಅದನ್ನು ಮೊದಲು ಹೇಳಿ

ಶುರುವಾಯ್ತು ನೋಡಿ ಮತ್ತೆ. ಶ್ವೇತಭವನದ "ಒಳಗಿನ ಕಥೆ" ಅಂತ ಇನ್ನೊಂದು ಪುಸ್ತಕದ ತುಣುಕುಗಳು ಬೆಳಿಗ್ಗೆಯಿಂದ ಎಲ್ಲರ ಗೋಡೆಯ ಮೇಲೂ ಓಡಾಡ್ತಿವೆ. ಮುಚ್ಚಿದ ಬಾಗಿಲ ಹಿಂದೆ ಅಧ್ಯಕ್ಷ ಹೀಗಂದ, ಸಲಹೆಗಾರ ಹಾಗಂದ, ಅಧ್ಯಕ್ಷ ಮನಸ್ಸಿನಲ್ಲೇ ಇನ್ನೇನೋ ಅಂದುಕೊಂಡ! ಹಂಚಿಕೊಂಡವರಲ್ಲಿ ಒಬ್ಬರಾದರೂ ಆ ಮಾತು ಯಾರ ಕಿವಿಗೆ ಬಿತ್ತು, ಯಾರು ಬರೆದಿಟ್ಟುಕೊಂಡರು ಅಂತ ಕೇಳಿದ್ದು ಕಾಣಲಿಲ್ಲ. ಇಂಥ ಪುಸ್ತಕಗಳ ಚಟ ನನಗೆಷ್ಟಿದೆ ಅಂತ ನಿಮಗೆ ಗೊತ್ತೇ ಇದೆ. ಆದ್ದರಿಂದ ಇದು ಪುಸ್ತಕದ ಮೇಲಿನ ಸಿಟ್ಟಲ್ಲ, ಅದನ್ನು ಓದುವ ರೀತಿಯ ಮೇಲಿನ ಸಿಟ್ಟು.

ಈ ಜಾತಿಯ ಅತ್ಯಂತ ಪ್ರಸಿದ್ಧ ದೃಶ್ಯವನ್ನೇ ತಗೊಳ್ಳಿ. 1974ರ ಆಗಸ್ಟ್ 7ರ ರಾತ್ರಿ, ಶ್ವೇತಭವನದ ಲಿಂಕನ್ ಸಿಟ್ಟಿಂಗ್ ರೂಮ್. ವಿರೋಧ ಪಕ್ಷದ ಕಚೇರಿಗೆ ಕನ್ನ ಹಾಕಿದ ವಾಟರ್‌ಗೇಟ್ ಹಗರಣದಲ್ಲಿ ಸಿಕ್ಕಿಬಿದ್ದು ರಾಜೀನಾಮೆಗೆ ಮನಸ್ಸು ಮಾಡಿದ ಅಧ್ಯಕ್ಷ ನಿಕ್ಸನ್, ಎದುರಿಗೆ ವಿದೇಶಾಂಗ ಸಚಿವ ಕಿಸಿಂಜರ್. ಮೂರನೆಯವರಿಲ್ಲ. ನಿಕ್ಸನ್ ಅಳ್ತಾರೆ, ಇಬ್ಬರೂ ಮೊಣಕಾಲೂರಿ ಪ್ರಾರ್ಥನೆ ಮಾಡ್ತಾರೆ. ಎರಡು ವರ್ಷದೊಳಗೆ ಇದೆಲ್ಲ ಪತ್ರಕರ್ತರಾದ ಬಾಬ್ ವುಡ್‌ವರ್ಡ್ ಮತ್ತು ಕಾರ್ಲ್ ಬರ್ನ್‌ಸ್ಟೀನ್ ಪುಸ್ತಕದಲ್ಲಿ ಮಾತುಮಾತಿಗೂ ಅಚ್ಚಾಗಿತ್ತು. ಟೇಪ್ ಇತ್ತಾ? ಇಲ್ಲ, ನಿಕ್ಸನ್ ಗುಟ್ಟಾಗಿ ಹಾಕಿಸಿದ್ದ ಟೇಪ್ ವ್ಯವಸ್ಥೆ ಕಿತ್ತುಹಾಕಿ ವರ್ಷವೇ ಕಳೆದಿತ್ತು. ಹಾಗಾದರೆ ಹೊರಗೆ ಬಂದಿದ್ದು ಹೇಗೆ? ಉತ್ತರ ಆ ಪುಸ್ತಕದೊಳಗೇ ಇದೆ, ಗಮನವಿಟ್ಟು ಓದಿದರೆ. ಕಿಸಿಂಜರ್ ತಮ್ಮ ಕಚೇರಿಗೆ ವಾಪಸ್ ಬಂದು ಸಹಾಯಕರಾದ ಈಗಲ್‌ಬರ್ಗರ್ ಮತ್ತು ಸ್ಕೋಕ್ರಾಫ್ಟ್ ಇಬ್ಬರಿಗೂ ನಡೆದದ್ದನ್ನು ಹೇಳ್ತಾರೆ. ಅಷ್ಟರಲ್ಲಿ ನಿಕ್ಸನ್ ಫೋನ್ ಬರುತ್ತೆ: ನಾನು ಅತ್ತೆ ಅಂತ ಯಾರಿಗೂ ಹೇಳಬೇಡ. ಆ ಕರೆಯನ್ನೂ ಇನ್ನೊಂದು ಲೈನಿನಲ್ಲಿ ಸಹಾಯಕರು ಕೇಳಿಸಿಕೊಳ್ತಿದ್ದರು!

400ರ ಹತ್ತಿರ ಜನರನ್ನು ಮಾತಾಡಿಸಿದ್ದೇವೆ, ಕನಿಷ್ಠ ಇಬ್ಬರಿಂದ ಕೇಳದೆ ಯಾವ ಸನ್ನಿವೇಶವನ್ನೂ ಕಟ್ಟಿಲ್ಲ ಅಂತ ಆ ಲೇಖಕರ ಮಾತು. ಅನುಮಾನಿಸಲ್ಲ. ಆದರೆ ಒಬ್ಬನೇ ಹೇಳಿದ್ದನ್ನು ಇಬ್ಬರು ಕೇಳಿಸಿಕೊಂಡಿದ್ದರೆ ಮೂಲ ಎರಡಲ್ಲ, ಒಂದೇ. ಓದುವವರು ಎಣಿಕೆ ತಪ್ಪುವುದು ಇಲ್ಲೇ. ಮುಂದೆ 1978ರ ಆತ್ಮಕಥೆಯಲ್ಲಿ ನಿಕ್ಸನ್ ಪ್ರಾರ್ಥನೆಯನ್ನು ಒಪ್ಪಿಕೊಂಡರು, ನಡೆದದ್ದು ನಿಜವೇ. ಆದರೆ ಕಿಸಿಂಜರ್ ತಮ್ಮ ಪುಸ್ತಕದಲ್ಲಿ, ತಾವು ನಿಜಕ್ಕೂ ಮೊಣಕಾಲೂರಿದ್ದೆವಾ ಅನ್ನುವುದರ ಬಗ್ಗೆಯೇ ಖಾತ್ರಿ ಇಲ್ಲ ಅಂದರು. ಇದ್ದವರೇ ಇಬ್ಬರು, ಅದರಲ್ಲೊಬ್ಬರಿಗೆ ಕಾಲು ಎಲ್ಲಿತ್ತು ಅಂತ ನೆನಪಿಲ್ಲ. ನಮಗೆ ಮಾತ್ರ ಅಕ್ಷರಕ್ಷರ ಬಾಯಿಪಾಠ.

ಇಂಥ ವಾಕ್ಯ ತಯಾರಾಗುವ ರೀತಿ ಗೊತ್ತಿದ್ದರೆ ಅರ್ಧ ಮಂಪರು ಇಳಿಯುತ್ತೆ. ವಾಷಿಂಗ್ಟನ್ನಿನಲ್ಲಿ ಬಾಯಿಬಿಡುವ ಮೊದಲು ಒಪ್ಪಂದ ಆಗುತ್ತೆ. ಆನ್ ದಿ ರೆಕಾರ್ಡ್ ಅಂದರೆ ಹೆಸರು ಹಾಕಿ ಬರೆಯಬಹುದು. ಬ್ಯಾಕ್‌ಗ್ರೌಂಡ್ ಅಂದರೆ ಹೆಸರಿಲ್ಲ, "ಹಿರಿಯ ಅಧಿಕಾರಿಯೊಬ್ಬರು" ಅನ್ನಬಹುದು. ಡೀಪ್ ಬ್ಯಾಕ್‌ಗ್ರೌಂಡ್ ಅಂದರೆ ಮಾಹಿತಿ ಬಳಸಬಹುದು, ಆದರೆ ಯಾರಿಂದ ಬಂತು ಅನ್ನುವ ಸುಳಿವೂ ಇರಬಾರದು. ಆಫ್ ದಿ ರೆಕಾರ್ಡ್ ಅಂದರೆ ಬಳಸಲೇಬಾರದು. ವುಡ್‌ವರ್ಡ್ ಶೈಲಿಯ ಪುಸ್ತಕಗಳ ಬಹುಪಾಲು ನಿಂತಿರುವುದು ಮೂರನೆಯದರ ಮೇಲೆ. ಮೂಲದ ಹೆಸರು ಮಾಯವಾದಾಗ ಆತನ ಲಾಭ ನಷ್ಟವೂ ಮಾಯವಾಗುತ್ತೆ, ಉಳಿಯುವುದು ಸರ್ವಾಂತರ್ಯಾಮಿ ಕಾದಂಬರಿಕಾರನ ದನಿ. ಬಾಯಿಬಿಟ್ಟವನು ಪುಸ್ತಕದಲ್ಲಿ ವಿವೇಕಿ, ಬಿಡದವನು ದಡ್ಡ. ಒಂದು ಅಧ್ಯಾಯದಲ್ಲಿ ಯಾರು ತಪ್ಪೇ ಮಾಡುವುದಿಲ್ಲವೋ, ಯಾರ "ಒಳಮನಸ್ಸು" ನಮಗೆ ಕಾಣಿಸುತ್ತೋ, ಅವರ ಮೇಲೆ ಪೆನ್ಸಿಲ್ ಗುರುತು ಹಾಕಿ.

ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎ ಮುಖ್ಯಸ್ಥರಾಗಿದ್ದ ಜಾರ್ಜ್ ಟೆನೆಟ್ ಪಾಡು ನೆನಪಿದೆಯಾ? 2002ರ ಡಿಸೆಂಬರ್ 21, ಅಧ್ಯಕ್ಷರ ಕಚೇರಿ ಓವಲ್ ಆಫೀಸ್. ಇರಾಕಿನ ಬಳಿ ಇವೆಯೆನ್ನಲಾದ ಸಾಮೂಹಿಕ ವಿನಾಶದ ಅಸ್ತ್ರಗಳ ಬಗ್ಗೆ ಸಿಐಎ ವಿವರಣೆ ಕೊಡ್ತಿದೆ, ಬುಷ್‌ಗೆ ಸಮಾಧಾನವಿಲ್ಲ. ಆಗ ಟೆನೆಟ್ "ಸ್ಲ್ಯಾಮ್ ಡಂಕ್" ಅಂದರಂತೆ, ಅಂದರೆ ಅದರಲ್ಲಿ ಅನುಮಾನವೇ ಬೇಡ ಅಂತ. 2004ರಲ್ಲಿ ವುಡ್‌ವರ್ಡ್ ಪುಸ್ತಕದಲ್ಲಿ ಇದು ಬಂತು. ಅಷ್ಟೊತ್ತಿಗೆ ಇರಾಕಿಗೆ ಸೇನೆ ನುಗ್ಗಿದ್ದರೂ ಅಸ್ತ್ರಗಳು ಸಿಕ್ಕಿರಲಿಲ್ಲ, ತಪ್ಪು ಹೊರಲು ಒಂದು ತಲೆ ಬೇಕಿತ್ತು. ಟೆನೆಟ್ 2007ರಲ್ಲಿ ತಮ್ಮದೇ ಪುಸ್ತಕ ಬರೆದು, ಆ ಮಾತು ಅಂದದ್ದು ನಿಜ, ಆದರೆ ಸಾರ್ವಜನಿಕರ ಮುಂದೆ ವಾದವನ್ನು ಇನ್ನೂ ಗಟ್ಟಿಯಾಗಿ ಮಂಡಿಸಬಹುದು ಅನ್ನುವ ಅರ್ಥದಲ್ಲಿ ಅಂದಿದ್ದೆ ಅಂತ ವಾದಿಸಿದರು. ಅವರಿಗೂ ತಲೆ ಉಳಿಸಿಕೊಳ್ಳುವ ಗರಜು ಇತ್ತು, ಬಿಡಿ. ನನ್ನ ಪ್ರಶ್ನೆ ಅದೇ ಹಳೇದು: ಕೋಣೆಯಲ್ಲಿದ್ದವರು ಕೈಬೆರಳೆಣಿಕೆಯಷ್ಟು ಜನ, ಅವರಲ್ಲಿ ಈ ಎರಡು ಪದ ಹೊರಗೆ ಬಂದರೆ ಯಾರಿಗೆ ಅನುಕೂಲ?

ಹಾಗಾದರೆ ಒಳಗಿದ್ದವರೇ ಹೆಸರು ಹಾಕಿ ಬರೆದದ್ದನ್ನು ನಂಬೋಣವಾ? ಅಯ್ಯೋ. ಸೋವಿಯತ್ ಒಕ್ಕೂಟ ಕ್ಯೂಬಾದಲ್ಲಿ ಅಣ್ವಸ್ತ್ರ ಕ್ಷಿಪಣಿ ಇಟ್ಟಾಗ ಎದ್ದ ಕ್ಯೂಬಾ ಕ್ಷಿಪಣಿ ಬಿಕ್ಕಟ್ಟಿನ ಬಗ್ಗೆ ರಾಬರ್ಟ್ ಕೆನಡಿ ಬರೆದ "ಥರ್ಟೀನ್ ಡೇಸ್" ಅವರು ಹತ್ಯೆಯಾದ ಮರುವರ್ಷ, 1969ರಲ್ಲಿ ಬಂತು. ಅದರಲ್ಲಿ ಅವರು ಮೊದಲ ದಿನದಿಂದ ಸಂಯಮಮೂರ್ತಿ. ಆದರೆ ಅಣ್ಣ, ಅಧ್ಯಕ್ಷ ಜಾನ್ ಕೆನಡಿ ಗುಟ್ಟಾಗಿ ಟೇಪ್ ಓಡಿಸ್ತಿದ್ದರಲ್ಲ! 1962ರ ಅಕ್ಟೋಬರ್ 16ರ ಸಭೆಯ ಟೇಪಿನಲ್ಲಿ ಇದೇ ತಮ್ಮ, ಯುದ್ಧಕ್ಕೆ ನೆಪ ಬೇಕಲ್ಲ, 1898ರಲ್ಲಿ ಮುಳುಗಿ ಸ್ಪೇನ್ ವಿರುದ್ಧದ ಯುದ್ಧಕ್ಕೆ ನೆಪವಾದ ಅಮೆರಿಕದ "ಮೇನ್" ಹಡಗಿನ ಥರ ಇನ್ನೊಂದನ್ನು ಮುಳುಗಿಸಿದರೆ ಹೇಗೆ ಅನ್ನುವ ಧಾಟಿಯಲ್ಲಿ ಮಾತಾಡ್ತಾರೆ. ಇನ್ನೂ ದೊಡ್ಡದು ಟರ್ಕಿಯಲ್ಲಿ ಅಮೆರಿಕ ಇಟ್ಟಿದ್ದ ಜುಪಿಟರ್ ಕ್ಷಿಪಣಿಗಳ ವಿಷಯ. ಅವನ್ನು ತೆಗೆಯುತ್ತೇವೆ ಅಂತ ಸೋವಿಯತ್ ರಾಯಭಾರಿಗೆ ಕೊಟ್ಟ ಗುಟ್ಟಿನ ಭರವಸೆ ಕರಡಿನಲ್ಲಿ ಸ್ಪಷ್ಟವಾಗೇ ಇತ್ತು, ಆ ಭಾಗ ತೆಗೆದದ್ದು ನಾನೇ ಅಂತ ಪುಸ್ತಕ ತಿದ್ದಿದ, ಕೆನಡಿ ಸಲಹೆಗಾರರಾಗಿದ್ದ ಟೆಡ್ ಸೊರೆನ್ಸನ್ 1989ರಲ್ಲಿ ಮಾಸ್ಕೋದ ಸಮ್ಮೇಳನದಲ್ಲಿ ಒಪ್ಪಿಕೊಂಡರು. ಇಪ್ಪತ್ತು ವರ್ಷ ಜಗತ್ತು "ಕೆನಡಿ ಬಗ್ಗಲಿಲ್ಲ, ಸೋವಿಯತ್ ನಾಯಕ ಕ್ರುಶ್ಚೇವ್ ಬಗ್ಗಿದ" ಅಂತ ಪಾಠ ಮಾಡಿಕೊಂಡಿತ್ತು.

ಹೆಸರು ಹಾಕಿದ ಉದ್ಧರಣೆಯ ಗತಿಯೂ ಇಷ್ಟೇ. 1985ರ ಜಿನೀವಾ ಶೃಂಗಸಭೆಯಲ್ಲಿ ಅಧ್ಯಕ್ಷ ರೇಗನ್ ಹೇಳಿದ್ದು ಅಂತ ಪತ್ರಿಕೆಗಳಿಗೆ ಕೊಟ್ಟ ಮಾತುಗಳನ್ನು ತಾನೇ ಕಟ್ಟಿದ್ದೆ ಅಂತ ವಕ್ತಾರ ಲ್ಯಾರಿ ಸ್ಪೀಕ್ಸ್ 1988ರ ತಮ್ಮ ಪುಸ್ತಕದಲ್ಲಿ ಹೆಮ್ಮೆಯಿಂದ ಬರೆದುಕೊಂಡರು. ಆಮೇಲೆ ಸೇರಿದ್ದ ಖಾಸಗಿ ಕೆಲಸ ಅದರಿಂದಲೇ ಹೋಯಿತು.

ಈಗ ಬರುತ್ತೆ ಗೊತ್ತಿದೆ: "ಗುಪ್ತ ಮೂಲ ಇಲ್ಲದಿದ್ದರೆ ವಾಟರ್‌ಗೇಟ್ ಎಲ್ಲಿ ಬಯಲಾಗ್ತಿತ್ತು?" ಸರಿ ಸ್ವಾಮಿ. ಮಾರ್ಕ್ ಫೆಲ್ಟ್ ಎಫ್‌ಬಿಐನ ಎರಡನೇ ಸ್ಥಾನದಲ್ಲಿದ್ದವರು, ವುಡ್‌ವರ್ಡ್‌ಗೆ ಸುಳಿವು ಕೊಡ್ತಿದ್ದ ಗುಪ್ತ ಮೂಲ "ಡೀಪ್ ಥ್ರೋಟ್" ತಾವೇ ಅಂತ 2005ರಲ್ಲಿ ಹೊರಬಂದರು, ಅವರ ಸುಳಿವು ಕೆಲಸ ಮಾಡಿತು. ಆದರೆ ಸುಳಿವು ಸಾಕ್ಷಿಯಲ್ಲ. ನಿಕ್ಸನ್ ಬಿದ್ದದ್ದು ತನಿಖೆ ತಡೆಯಲು ಅವರೇ ಒಪ್ಪಿದ್ದು ದಾಖಲಾದ 1972ರ ಜೂನ್ 23ರ ಟೇಪಿನಿಂದ. 1974ರ ಜುಲೈ 24ರಂದು ಟೇಪುಗಳನ್ನು ಒಪ್ಪಿಸಬೇಕು ಅಂತ ಸುಪ್ರೀಂ ಕೋರ್ಟ್ 8-0 ತೀರ್ಪು ಕೊಟ್ಟಿತು, ಆಗಸ್ಟ್ 5ಕ್ಕೆ ಆ ಟೇಪಿನ ಬರಹರೂಪ ಹೊರಬಂತು, 9ಕ್ಕೆ ನಿಕ್ಸನ್ ಮನೆಗೆ.

ಟೇಪ್ ಅಂದರೂ ಕಣ್ಮುಚ್ಚಿ ನಂಬುವ ಹಾಗಿಲ್ಲ, ಅದಕ್ಕೂ ತಾಂತ್ರಿಕ ರೋಗಗಳಿವೆ. ನಿಕ್ಸನ್‌ರ ಓವಲ್ ಆಫೀಸಿನಲ್ಲಿ ಮೇಜಿನಲ್ಲಿ ಐದು, ಅಗ್ಗಿಷ್ಟಿಕೆಯ ಎರಡು ದೀಪಗಳ ಹತ್ತಿರ ಎರಡು ಮೈಕ್. ದನಿ ಕೇಳಿದರೆ ತಾನೇ ಓಡುವ ಸೋನಿ ಯಂತ್ರ. ಟೇಪ್ ಉಳಿಸಲು ಅತಿ ತೆಳು ರೀಲು ಹಾಕಿ ಸೆಕೆಂಡಿಗೆ ಒಂದಿಂಚೂ ಇಲ್ಲದ ವೇಗದಲ್ಲಿ ಓಡಿಸಿದರು. ಮೈಕ್ ಮೇಜಿನಲ್ಲಿ ಇದ್ದುದರಿಂದ ಕಾಫಿ ಕಪ್ ಇಟ್ಟ ಸದ್ದು ಗುಡುಗು, ದೂರದ ಸೋಫಾದ ಮಾತು ಗೊಣಗು. 1971ರ ಫೆಬ್ರವರಿಯಿಂದ 1973ರ ಜುಲೈವರೆಗೆ ಸುಮಾರು 3,700 ಗಂಟೆ ಹೀಗೆ ತುಂಬಿತು. 1974ರ ಏಪ್ರಿಲ್‌ನಲ್ಲಿ ಶ್ವೇತಭವನವೇ ಬಿಟ್ಟ ಬರಹರೂಪಕ್ಕೂ, ಅದೇ ಟೇಪುಗಳನ್ನು ಸಂಸತ್ತಿನ ನ್ಯಾಯಾಂಗ ಸಮಿತಿ ಕೇಳಿ ಬರೆದದ್ದಕ್ಕೂ ಹೊಂದಲಿಲ್ಲ. ಆದರೂ ಒಂದು ಗುಣ ಇದೆ: ಅನುಮಾನ ಬಂದರೆ ನೀವೇ ಹೆಡ್‌ಫೋನ್ ಹಾಕಿ ಮತ್ತೆ ಕೇಳಬಹುದು. ಡೀಪ್ ಬ್ಯಾಕ್‌ಗ್ರೌಂಡನ್ನು ಕೇಳೋದು ಹೇಗೆ?

ನಮಗೆ ಸಂಬಂಧಪಟ್ಟದ್ದೇ ನೋಡಿ. 1971ರ ನವೆಂಬರಿನಲ್ಲಿ ಇಂದಿರಾ ಗಾಂಧಿ ವಾಷಿಂಗ್ಟನ್ನಿಗೆ ಹೋಗಿದ್ದರು. ಕಿಸಿಂಜರ್ 1979ರ ಪುಸ್ತಕದಲ್ಲಿ, ಆಕೆಯ ಬಗ್ಗೆ ನಿಕ್ಸನ್ ಆಡಿದ ಮಾತು ಕೆಲವೊಮ್ಮೆ ಅಚ್ಚು ಹಾಕುವಂಥದ್ದಲ್ಲ ಅಂತ ಬಹಳ ಸಭ್ಯವಾಗಿ ಬರೆದರು. ಹೌದು, ನವೆಂಬರ್ 5ರ ಟೇಪಿನಲ್ಲಿ ನಿಕ್ಸನ್ "ಮುದಿ ಮಾಟಗಾತಿ" ಅಂತಾರೆ. ಆದರೆ ಅದೇ ಟೇಪಿನಲ್ಲಿ "ಭಾರತೀಯರು ಹೇಗೂ ಬಾಸ್ಟರ್ಡ್‌ಗಳು" ಅಂದದ್ದು ಕಿಸಿಂಜರ್ ಸಾಹೇಬರೇ! 2005ರಲ್ಲಿ ದಾಖಲೆ ಹೊರಬಿದ್ದ ಮೇಲೆ ವಿಷಾದ ವ್ಯಕ್ತಪಡಿಸಿದರು.

ಪರೀಕ್ಷೆ ಮಾಡುವುದು ಕಷ್ಟವೇನಲ್ಲ. ಮೊದಲು ಪುಸ್ತಕದ ಕೊನೆಯ ಟಿಪ್ಪಣಿಗೆ ಹೋಗಿ, ಆ ಸಂಭಾಷಣೆಗೆ ಆಧಾರ ಏನು ನೋಡಿ: ಟೇಪಾ, ಸಭೆಯ ಟಿಪ್ಪಣಿಯಾ, ಬರೀ "ಸಂದರ್ಶನಗಳು" ಅಂತಲಾ. ಆಮೇಲೆ ದಿನಾಂಕ. ಹಳೆಯ ಅಧ್ಯಕ್ಷರದ್ದಾದರೆ ಅವರ ಗ್ರಂಥಾಲಯದ ಜಾಲತಾಣದಲ್ಲಿ ಡೈಲಿ ಡೈರಿ ಇರುತ್ತೆ. ಎಷ್ಟು ಗಂಟೆಗೆ ಯಾರು ಒಳಗೆ ಹೋದರು, ಯಾವಾಗ ಬಂದರು, ಫೋನ್ ಎಷ್ಟು ನಿಮಿಷ, ಎಲ್ಲ ಅದರಲ್ಲಿದೆ. ವುಡ್‌ವರ್ಡ್ ಪುಸ್ತಕಗಳಲ್ಲೇ ಈ ವ್ಯತ್ಯಾಸ ಕಾಣುತ್ತೆ: 2018ರ ಟ್ರಂಪ್ ಪುಸ್ತಕ ಡೀಪ್ ಬ್ಯಾಕ್‌ಗ್ರೌಂಡ್. 2020ರದ್ದಕ್ಕೆ ಟ್ರಂಪ್ ಜೊತೆ ಧ್ವನಿಮುದ್ರಣವಾದ 18 ಸಂದರ್ಶನ. ಕೊರೊನಾ ಗಾಳಿಯಲ್ಲಿ ಹರಡುತ್ತೆ ಅಂತ ಫೆಬ್ರವರಿ 7ರಂದು, ಅದನ್ನು ಬೇಕಂತಲೇ ಚಿಕ್ಕದು ಮಾಡಿ ತೋರಿಸಿದೆ ಅಂತ ಮಾರ್ಚ್ 19ರಂದು ಟ್ರಂಪ್ ಹೇಳಿದ್ದನ್ನು ಯಾರೂ ಅಲ್ಲಗಳೆಯಲಾಗಲಿಲ್ಲ. (ಅದನ್ನು ಸೆಪ್ಟೆಂಬರಿನವರೆಗೆ ಇಟ್ಟುಕೊಂಡು ಕೂತದ್ದು ಬೇರೆ ಜಗಳ.)

ಈಗಿನ ಕಾಲದ ಕಾಗದಪತ್ರಗಳಿಗೆ ಕಾಯಲೇಬೇಕು. 1978ರ ಅಧ್ಯಕ್ಷೀಯ ದಾಖಲೆಗಳ ಕಾಯ್ದೆ ಪ್ರಕಾರ ಅಧಿಕಾರ ಬಿಟ್ಟು ಐದು ವರ್ಷಕ್ಕೆ ಮಾಹಿತಿ ಹಕ್ಕಿನ ಅರ್ಜಿ ಹಾಕಬಹುದು, ಸಲಹೆಗಾರರ ಗೋಪ್ಯ ಮಾತುಕತೆಯನ್ನು ಹನ್ನೆರಡು ವರ್ಷದ ತನಕ ತಡೆಹಿಡಿಯಬಹುದು. ಅಲ್ಲಿವರೆಗೆ ನನ್ನನ್ನು ಟ್ಯಾಗ್ ಮಾಡುವವರು ಉದ್ಧರಣೆಯ ಪುಟದ ಜೊತೆ ಕೊನೆಯ ಟಿಪ್ಪಣಿ ಪುಟದ ಫೋಟೋವನ್ನೂ ಹಾಕಿ. ಟಿಪ್ಪಣಿಯೇ ಇಲ್ಲದ ಪುಸ್ತಕವಾದರೆ ಟ್ಯಾಗ್ ಮಾಡುವುದೇ ಬೇಡ.